ಹಸಿರು ಸೀರೆಯ ಬಾಬ್ತು

ನನ್ನ ಬಾಯಿಗೆ ಹೆದರುತ್ತಿದ್ದವರು ನಮ್ಮ ಚಾಮರಾಜಪೇಟೆಯ ವಠಾರದಲ್ಲಿ ಬೇಕಾದಷ್ಟು ಜನ ಇದ್ದರು. ಅವರೆಲ್ಲರಿಗಿಂತ ಹೆಚ್ಚು ಹೆದರುತ್ತಿದ್ದವನು ನಮ್ಮ ಯಜಮಾನರ ಆಫೀಸಿನ ಸೊಸೈಟಿ ಗುಮಾಸ್ತ.

ಎಪ್ಪತ್ತರ ದಶಕದ ಮಾತು. ಸೊಸೈಟಿ ಎಂದರೆ ಆಫೀಸಿನ ನೌಕರರೇ ಸೇರಿ ನಡೆಸುತ್ತಿದ್ದ ಸಹಕಾರ ಅಂಗಡಿ. ಮೆಂಬರಾದವರಿಗೆ ಹಳದಿ ಬಣ್ಣದ ದಪ್ಪ ಕಾರ್ಡು ಕೊಟ್ಟಿದ್ದರು. ಕಾರ್ಡು ತೋರಿಸಿ ಬಿಲ್ಲಿಗೆ ರುಜು ಹಾಕಿದರೆ ಬೇಳೆ, ಸಕ್ಕರೆ, ಸೋಪು, ಬಟ್ಟೆ ಏನು ಬೇಕಾದರೂ ತರಬಹುದು; ಜೇಬಿನಲ್ಲಿ ಕಾಸಿರಬೇಕಾಗಿರಲಿಲ್ಲ. ಒಂದು ತಿಂಗಳು ತಂದದ್ದನ್ನೆಲ್ಲ ಬರೆದ ಚೀಟಿ ಮುಂದಿನ ತಿಂಗಳ ಸಂಬಳದ ಕವರಿನಲ್ಲಿ ಬರುತ್ತಿತ್ತು. ಅಷ್ಟನ್ನು ಸಂಬಳದಲ್ಲೇ ಮುರಿದುಕೊಂಡಿರುತ್ತಿದ್ದರು.

ಆ ಚೀಟಿಯನ್ನು ಇವರು ಕಣ್ಣೆತ್ತಿಯೂ ನೋಡುತ್ತಿರಲಿಲ್ಲ. ದಿನವಿಡೀ ಊರವರ ಲೆಕ್ಕ ತಪಾಸಣೆ ಮಾಡುವ ಮನುಷ್ಯನಿಗೆ ಮನೆಯ ಲೆಕ್ಕ ಎಂದರೆ ಆಕಳಿಕೆ. ನೋಡುತ್ತಿದ್ದವಳು ನಾನು. ಭಾನುವಾರ ಊಟವಾದ ಮೇಲೆ ಬಾಗಿಲ ಬಳಿ ಬೆಳಕಿಗೆ ಕೂತು, ಪೆನ್ಸಿಲ್ ಹಿಡಿದು, ಒಂದೊಂದು ಬಾಬ್ತಿಗೂ ಗುರುತು ಹಾಕುತ್ತಿದ್ದೆ. ಇದು ಬಂದಿದೆ, ಇದೂ ಬಂದಿದೆ, ಇದೇನು? ಒಂದು ಸಲ ಬೂಟ್ ಪಾಲಿಶ್ ಎಂದಿತ್ತು. ನಮ್ಮ ಮನೆಯಲ್ಲಿ ಬೂಟು ಹಾಕುವ ಪ್ರಾಣಿಯೇ ಇರಲಿಲ್ಲ. ಮಾರನೆಯ ದಿನವೇ ಹೋಗಿ ಗುಮಾಸ್ತನ ಮುಂದೆ ನಿಂತೆ. 'ತಗೊಂಡಿರ್ತೀರ, ಮರ್ತಿರ್ತೀರ' ಎಂದ. ಮರೆಯುವವಳು ನಾನಲ್ಲಪ್ಪ, ಬಿಲ್ಲು ತೆಗಿ ಎಂದೆ. ತೆಗೆದು ನೋಡಿದರೆ ನಮ್ಮ ನಂಬರಿನ ಪಕ್ಕದ ನಂಬರಿನವರದು. ತಿದ್ದಿಸಿಕೊಂಡೇ ಬಂದೆ. ಅಂದಿನಿಂದ ನಾನು ಮೆಟ್ಟಿಲು ಹತ್ತುವುದನ್ನು ಕಂಡರೆ ಸಾಕು, ಆತ ತಾನಾಗಿಯೇ ಬಿಲ್ಲಿನ ಕಟ್ಟು ಬಿಚ್ಚುತ್ತಿದ್ದ.

ಈಗ ಇನ್ನೊಂದು ವಿಷಯ ಹೇಳಬೇಕು. ನಾನು ಇವರಿಗೆ ಎರಡನೆಯವಳು. ಮೊದಲನೆಯವಳು ಮದುವೆಯಾದ ಕೆಲವೇ ವರ್ಷಕ್ಕೆ ಜ್ವರ ಬಂದು ತೀರಿಹೋಗಿದ್ದಳು, ಮಕ್ಕಳಿರಲಿಲ್ಲ. ನಮ್ಮಪ್ಪ ಗೊತ್ತಿದ್ದೇ ಕೊಟ್ಟರು, ನಾನು ಗೊತ್ತಿದ್ದೇ ಬಂದೆ. ಮದುವೆಯ ದಿನ ಹಿರಿಯರೊಬ್ಬರು ಒಂದು ಕಳಶವಿಟ್ಟು, ಅದೇ ಅವಳೆಂದು ಹೇಳಿ, ನನ್ನ ಕೈಯಿಂದ ಅರಿಶಿನ ಕುಂಕುಮ ಹಾಕಿಸಿದರು. 'ನಿಮ್ಮಕ್ಕನ ಆಶೀರ್ವಾದ ಆಯ್ತು ಕಣಮ್ಮ, ಇನ್ನು ಮನೆ ನಿಂದು' ಎಂದರು. ಅಲ್ಲಿಗೆ ಮುಗಿಯಿತು ಎಂದೇ ನಾನು ತಿಳಿದೆ.

ಎಲ್ಲಿ ಮುಗಿಯುತ್ತದೆ? ನಡುಮನೆಗೆ ಕಾಲಿಟ್ಟರೆ ಗೋಡೆಯ ಮೇಲೆ ಅವಳು. ಸ್ಟುಡಿಯೋದಲ್ಲಿ ತೆಗೆಸಿದ ಕಪ್ಪು ಬಿಳುಪು ಪಟ. ಎತ್ತರದ ಹೆಣ್ಣು, ನೀಳ ಕುತ್ತಿಗೆ, ಅಗಲ ಅಂಚಿನ ಸೀರೆ. ನಾನು ಗಿಡ್ಡಿ. ಅಡಿಗೆಮನೆಯಲ್ಲಿ ಯಾವ ಪಾತ್ರೆ ಎತ್ತಿದರೂ ಅಂಚಿನಲ್ಲಿ ಅವಳ ಹೆಸರು, ಅವಳ ತವರಿನವರು ಮದುವೆಗೆ ಕೊಟ್ಟದ್ದು. ನೀರು ಕುಡಿಯುವ ಲೋಟದ ಮೇಲೆ ಅವಳು, ಹುಳಿ ಮಾಡುವ ಪಾತ್ರೆಯ ಮೇಲೆ ಅವಳು. ಸವತಿಯನ್ನು ಮಣ್ಣಿನಲ್ಲಿ ಮಾಡಿಟ್ಟರೂ ಮತ್ಸರ ಹೋಗುವುದಿಲ್ಲ ಎಂದು ನಮ್ಮಜ್ಜಿ ಹೇಳುತ್ತಿದ್ದಳು. ನನಗೆ ಹಿತ್ತಾಳೆಯಲ್ಲೂ ಮಾಡಿಟ್ಟಿದ್ದರು, ಸ್ಟೀಲಿನಲ್ಲೂ ಮಾಡಿಟ್ಟಿದ್ದರು. ನನಗೆ ಹೊಟ್ಟೆಕಿಚ್ಚು ಇತ್ತು. ಇರಲಿಲ್ಲ ಎಂದು ಈಗ ಯಾರಿಗೋಸ್ಕರ ಸುಳ್ಳು ಹೇಳಲಿ?

ಇವರು ಅವಳ ಮಾತೇ ಎತ್ತುತ್ತಿರಲಿಲ್ಲ. ನನ್ನ ಎದುರಿಗೆ ಅವಳನ್ನು ಹೊಗಳಿದ್ದಿಲ್ಲ, ನೆನೆದದ್ದಿಲ್ಲ. ಹೊಗಳಿದ್ದರೆ ಜಗಳವಾಡಬಹುದಿತ್ತು. ಸುಮ್ಮನಿದ್ದ ಮನುಷ್ಯನ ಹೊಟ್ಟೆಯೊಳಗೆ ಏನಿದೆಯೋ ಯಾರಿಗೆ ಗೊತ್ತು? ನಾನು ಈ ಮನೆಗೆ ಹೆಂಡತಿಯಾಗಿ ಬಂದೆನೋ, ಅವರ ಆಫೀಸಿನಲ್ಲಿ ಹೇಳುವಂತೆ ಖಾಲಿ ಬಿದ್ದ ಜಾಗಕ್ಕೆ ಬದಲಿಯಾಗಿ ಬಂದೆನೋ ಎನ್ನುವುದೊಂದು ನನ್ನನ್ನು ಕೊರೆಯುತ್ತಲೇ ಇತ್ತು.

ಮೊದಲ ವರ್ಷ ಹೀಗೇ ಕಳೆಯಿತು. ಎರಡನೆಯ ವರ್ಷ ಭಾದ್ರಪದದ ಹೊತ್ತಿಗೆ ನಾನು ಬಾಣಂತನಕ್ಕೆ ತವರಿನಲ್ಲಿದ್ದೆ. ಮೂರನೆಯ ವರ್ಷ ಮಗುವನ್ನು ಎತ್ತಿಕೊಂಡು ಮನೆಯಲ್ಲೇ ಇದ್ದೆ. ದಸರೆ ಕಳೆದು ದೀಪಾವಳಿ ಎದುರಿಗಿತ್ತು. ಸಂಬಳ ಬಂತು, ಚೀಟಿ ಬಂತು, ಬಾಗಿಲ ಬಳಿ ಕೂತು ಪೆನ್ಸಿಲ್ ಹಿಡಿದೆ. ತೊಗರಿಬೇಳೆ ಬಂದಿದೆ. ಕಾಫಿಪುಡಿ ಬಂದಿದೆ. ಮಗುವಿನ ಪೌಡರ್ ಬಂದಿದೆ. ಕೊನೆಯಲ್ಲಿ ಹೀಗಿತ್ತು: ಕೈಮಗ್ಗದ ಸೀರೆ, ಒಂದು.

ಸೀರೆ ಮನೆಗೆ ಬಂದಿರಲಿಲ್ಲ.

ಬೇರೆ ಯಾವ ಬಾಬ್ತಾಗಿದ್ದರೂ ನಾನು ಆ ಕ್ಷಣವೇ ಕೂಗು ಹಾಕುತ್ತಿದ್ದೆ. ಆ ದಿನ ಬಾಯಿ ಬಿಡಲಿಲ್ಲ. ಮುಖಕ್ಕೆ ನಗು ಬಂತು. ದೀಪಾವಳಿಗೆ ಗುಟ್ಟಾಗಿ ತಂದು ಆಫೀಸಿನ ಬೀರುವಿನಲ್ಲಿ ಇಟ್ಟಿದ್ದಾರೆ, ಹಬ್ಬದ ದಿನ ಕೊಡುತ್ತಾರೆ ಎಂದುಕೊಂಡೆ. ನಮ್ಮವರಿಗೂ ಇಷ್ಟು ರಸಿಕತೆ ಇದೆಯಲ್ಲ ಎಂದು ಒಳಗೊಳಗೇ ಉಬ್ಬಿದೆ. ಚೀಟಿಯನ್ನು ಮಡಿಸಿ, ನೋಡಿಯೇ ಇಲ್ಲದವಳ ಹಾಗೆ ಡಬ್ಬಿಯೊಳಗೆ ಹಾಕಿದೆ. ಪಕ್ಕದ ಮನೆಯಾಕೆ ಈ ಸಲ ಹಬ್ಬಕ್ಕೆ ಏನು ಸೀರೆ ಎಂದಾಗ, ನೋಡೋಣ, ಏನು ತರುತ್ತಾರೋ ಎಂದು ಬಿಂಕ ಮಾಡಿದೆ. ಆ ಬಿಂಕ ನೆನೆಸಿಕೊಂಡರೆ ಇವತ್ತಿಗೂ ಮೈಯೆಲ್ಲ ಉರಿಯುತ್ತದೆ.

ಹಬ್ಬದ ದಿನ ಎಣ್ಣೆನೀರಾಯಿತು. ಇವರು ಒಂದು ಪೊಟ್ಟಣ ಕೊಟ್ಟರು. ಬಿಚ್ಚಿದರೆ ಕಂದು ಬಣ್ಣದ ವಾಯಿಲ್ ಸೀರೆ, ಆಫೀಸಿನ ಹತ್ತಿರದ ಅಂಗಡಿಯದು. ಹಿಂದಿನ ವರ್ಷ ಕೊಟ್ಟದ್ದೂ ಕಂದೇ. ಇದೇನಾ ಎಂದೆ. ಯಾಕೆ, ಚೆನ್ನಾಗಿಲ್ವಾ ಎಂದರು. ಇನ್ನೊಂದು ಎಲ್ಲಿ ಎಂದು ನಾಲಿಗೆಯ ತುದಿಗೆ ಬಂತು, ನುಂಗಿಕೊಂಡೆ. ಹಬ್ಬ ಮುಗಿಯಲಿ ಎಂದು ಕಾದು, ಬಲಿಪಾಡ್ಯಮಿ ಕಳೆದ ಮರುದಿನ ಚೀಟಿ ತಂದು ಮುಂದೆ ಹಿಡಿದೆ. ಇವರು ಕನ್ನಡಕ ತೆಗೆದು ಪಂಚೆಯ ತುದಿಯಿಂದ ಒರೆಸಿದರು.

'ಏನೋ ತಪ್ಪಾಗಿರ್ಬೇಕು. ನಾನು ವಿಚಾರಿಸ್ತೀನಿ ಬಿಡು' ಎಂದರು.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ. ಇವರು ಕನ್ನಡಕ ಮುಟ್ಟಿಕೊಂಡರು. ಸುಳ್ಳು ಹೇಳುವಾಗ ಕನ್ನಡಕ ಒರೆಸುವುದು ಅವರ ಚಾಳಿ. ಆಫೀಸಿನಿಂದ ತಡವಾಗಿ ಬಂದದ್ದಕ್ಕೆ ಬಸ್ಸು ಸಿಗಲಿಲ್ಲ ಎನ್ನುವಾಗಲೂ ಹಾಗೇ ಒರೆಸುತ್ತಿದ್ದರು. ಅಲ್ಲಿಗೆ ಇದು ಬೂಟ್ ಪಾಲಿಶ್ ಅಲ್ಲ ಎಂದು ನನಗೆ ಖಾತ್ರಿಯಾಯಿತು. ಮುಂದಿನ ಚೀಟಿ ಬರುವ ತನಕ ಕಾದೆ. ತಪ್ಪಾಗಿದ್ದರೆ ಆ ಬಾಬ್ತನ್ನು ವಾಪಸು ಹಾಕಿರಬೇಕು. ಹಾಕಿರಲಿಲ್ಲ.

ಮಗುವನ್ನು ಪಕ್ಕದ ಮನೆಯಲ್ಲಿ ಬಿಟ್ಟು ಸೊಸೈಟಿಗೆ ಹೋದೆ. ಇವರು ಅಂದು ಬೇರೆ ಕಚೇರಿಗೆ ತಪಾಸಣೆಗೆ ಹೋಗಿದ್ದರು, ಆ ದಿನವನ್ನೇ ಆರಿಸಿಕೊಂಡಿದ್ದೆ. ಗುಮಾಸ್ತ ಬಿಲ್ಲು ತೆಗೆದು ತೋರಿಸಿದ. ರುಜು ಇವರದೇ. ಅಕ್ಷರ ಅಕ್ಷರವೂ ಇವರದೇ. ಆತ ಗೆದ್ದವನಂತೆ ಮಾತಿಗೆ ಶುರು ಮಾಡಿದ. ಸಾಹೇಬರೇ ಬಂದಿದ್ದರಂತೆ, ಅರ್ಧ ದಿನ ರಜಾ ಹಾಕಿ. ಹೊಸ ಮಾಲು ಬಂದಿತ್ತಂತೆ. ಕೆಂಪು ತೋರಿಸಿದರೆ ಬೇಡ, ನೀಲಿ ಬೇಡ, ಎಲ್ಲ ಬಿಚ್ಚಿಸಿ, ಬಾಗಿಲಾಚೆ ಬಿಸಿಲಿಗೆ ಒಯ್ದು ನೋಡಿ, ಕೊನೆಗೆ ಮಾವಿನೆಲೆ ಹಸಿರಿನದು ಆರಿಸಿದರಂತೆ, ಅರಿಶಿನ ಬಣ್ಣದ ಅಗಲ ಅಂಚು.

'ಉಟ್ಕೊಂಡ್ರಾ ಅಮ್ಮ? ನಿಮಗೆ ಒಪ್ಪಿರ್ಬೇಕು' ಎಂದ.

ಒಪ್ಪಿದೆ ಎಂದು ಹೇಳಿ ಮೆಟ್ಟಿಲಿಳಿದೆ. ಸಿಟ್ಟು ಬಂದದ್ದು ಸೀರೆ ಕೊಂಡದ್ದಕ್ಕಲ್ಲ, ಬಿಸಿಲಿಗೆ ಒಯ್ದು ನೋಡಿದ್ದಕ್ಕೆ. ನನ್ನ ಕಂದು ಸೀರೆಗಳನ್ನು ಯಾವ ಬಿಸಿಲಿಗೂ ಒಯ್ದು ನೋಡಿದ ಆಸಾಮಿಯಲ್ಲ ಇವರು. ಅಂಗಡಿಯವನು ಮೇಲಿಟ್ಟದ್ದನ್ನು ಎತ್ತಿಕೊಂಡು ಬರುತ್ತಿದ್ದರು. ಯಾರೋ ಒಬ್ಬಳಿಗಾಗಿ ನನ್ನ ಗಂಡ ರಜಾ ಹಾಕಿ, ಬಣ್ಣ ನೋಡಿ, ಅಂಚು ನೋಡಿ ಸೀರೆ ಆರಿಸಿದ್ದಾರೆ. ಆ 'ಯಾರೋ' ಯಾರು?

ಅಲ್ಲಿಂದ ಮುಂದೆ ನನಗೆ ಹಸಿರಿನ ಹುಚ್ಚು ಹಿಡಿಯಿತು. ಗಾಂಧಿಬಜಾರಿನಲ್ಲಿ ಹೂವು ಕೊಳ್ಳುವಾಗ ಪಕ್ಕದಲ್ಲಿ ಹಸಿರು ಸೆರಗು ಕಂಡರೆ ಬಗ್ಗಿ ಅಂಚು ನೋಡುತ್ತಿದ್ದೆ. ದೇವಸ್ಥಾನದಲ್ಲಿ ಮಂಗಳಾರತಿಯ ಹೊತ್ತಿಗೆ ದೇವರನ್ನು ಬಿಟ್ಟು ಹೆಂಗಸರ ಸಾಲು ನೋಡುತ್ತಿದ್ದೆ. ಆಫೀಸಿನಲ್ಲಿ ಹೊಸದಾಗಿ ಬಂದಿದ್ದ ಟೈಪಿಸ್ಟ್ ಹುಡುಗಿಯ ಮೇಲೆ ಅನುಮಾನ ಬಂತು. ಊಟದ ಡಬ್ಬಿ ಕೊಡುವ ನೆಪ ಮಾಡಿಕೊಂಡು ಹೋಗಿ ನೋಡಿದೆ. ಪಾಪ, ಹಲ್ಲುಬ್ಬು, ಕಾಸಗಲ ಮುಖ, ನನ್ನನ್ನು ಕಂಡು ಎದ್ದು ನಿಂತು 'ಬನ್ನಿ ಮೇಡಂ' ಎಂದಳು. ಅವಳಲ್ಲ ಎಂದು ಸಮಾಧಾನವಾಗಬೇಕಿತ್ತು, ಇನ್ನಷ್ಟು ತಳಮಳವಾಯಿತು. ಮನೆಯಲ್ಲಿ ಇವರಿಗೆ ಬಡಿಸುವಾಗ ಸೌಟು ಪಾತ್ರೆಗೆ ಬಡಿಯುತ್ತಿದ್ದೆ. ಮೈ ಹುಷಾರಿಲ್ವಾ ಎಂದು ಕೇಳಿದರು. ಇಲ್ಲ, ಬಹಳ ಹುಷಾರಾಗಿದ್ದೀನಿ ಎಂದೆ.

ಮಾಘಮಾಸದಲ್ಲಿ ಮಲ್ಲೇಶ್ವರದ ಛತ್ರವೊಂದರಲ್ಲಿ ಇವರ ಕಡೆಯ ನೆಂಟರ ಮದುವೆ. ಇವರಿಗೆ ಆಫೀಸು, ನಾನೊಬ್ಬಳೇ ಹೋಗಿದ್ದೆ. ಊಟಕ್ಕೆ ಪಂಕ್ತಿಯಲ್ಲಿ ಕೂತು ಎಲೆಗೆ ನೀರು ಚಿಮುಕಿಸುತ್ತಿದ್ದೇನೆ, ಪಕ್ಕದ ಎಲೆಯ ಮುಂದೆ ಒಬ್ಬಳು ಬಂದು ಕೂತಳು. ಮಾವಿನೆಲೆ ಹಸಿರು. ಅರಿಶಿನ ಅಂಚು, ಅಗಲ. ಮುಖ ನೋಡಿದೆ. ನಮ್ಮ ಗೋಡೆಯ ಮೇಲಿನ ಪಟವೇ ಇಳಿದು ಬಂದು ಕೂತ ಹಾಗಿತ್ತು.

ಅವಳು ತೀರಿಹೋದವಳ ತಂಗಿ. ಶೇಷಾದ್ರಿಪುರದಲ್ಲಿ ಮನೆ, ಗಂಡ ಸ್ಕೂಲ್ ಮೇಷ್ಟ್ರು. ನನ್ನ ಮದುವೆಯಲ್ಲಿ ಒಮ್ಮೆ ಕಂಡಿದ್ದೆ, ಆಗ ಗಮನವಿಟ್ಟು ನೋಡಿರಲಿಲ್ಲ. ಅಕ್ಕ ಹೋದ ಮೇಲೆ ಈ ತಂಗಿಯನ್ನೇ ಇವರಿಗೆ ಕೊಡುವ ಮಾತು ಬಂದಿತ್ತೆಂದೂ, ಅಷ್ಟರಲ್ಲಿ ಅವಳಿಗೆ ಬೇರೆ ಕಡೆ ಗೊತ್ತಾಗಿಬಿಟ್ಟಿತ್ತೆಂದೂ ವಠಾರದವರು ನನ್ನ ಕಿವಿಗೆ ಹಾಕಿದ್ದರು. ಎಲ್ಲ ಒಟ್ಟಿಗೆ ನೆನಪಾಯಿತು. ಬಡಿಸಿದ ಚಿತ್ರಾನ್ನ ಹಾಗೇ ಬಿಟ್ಟು ಅವಳ ಕಡೆ ತಿರುಗಿ, ಸೀರೆ ಬಹಳ ಚೆನ್ನಾಗಿದೆ, ಎಲ್ಲಿ ತಗೊಂಡ್ರಿ ಎಂದೆ.

'ಭಾವ ಕೊಟ್ಟಿದ್ದು' ಎಂದಳು.

ಕಣ್ಣು ತಗ್ಗಿಸಲಿಲ್ಲ, ತಡವರಿಸಲಿಲ್ಲ. ನಾನು ಎಷ್ಟು ದಿನದಿಂದ ಊರೆಲ್ಲ ಹುಡುಕುತ್ತಿದ್ದ ಬಾಬ್ತನ್ನು ಹಪ್ಪಳ ಮುರಿಯುತ್ತಾ ಹೇಳಿದಳು. ಯಾಕೆ ಕೊಟ್ಟರು ಎಂದೆ. ನನ್ನ ದನಿ ಏರಿತ್ತೆಂದು ಕಾಣುತ್ತದೆ, ಎದುರು ಪಂಕ್ತಿಯವರು ತಲೆಯೆತ್ತಿದರು.

'ಅಕ್ಕನ ನವಮಿಗೆ. ಮಠದಲ್ಲಿ ಮಾಡ್ತಾರಲ್ಲ, ಪ್ರತಿ ವರ್ಷ ನಾನೇ ಹೋಗಿ ಕೂತ್ಕೋತೀನಿ. ನಿಮಗೆ ಹೇಳಿಲ್ವಾ?'

ಗಂಡ ಬದುಕಿರುವಾಗಲೇ ಕಣ್ಣು ಮುಚ್ಚಿದ ಹೆಂಡತಿ ಮುತ್ತೈದೆಯಾಗಿಯೇ ಹೋದವಳು. ಭಾದ್ರಪದದ ಪಕ್ಷಮಾಸದಲ್ಲಿ, ಹಿರಿಯರಿಗೆಲ್ಲ ಎಡೆ ಇಡುವ ಆ ಹದಿನೈದು ದಿನಗಳೊಳಗೆ, ನವಮಿ ಅವಳದು. ಅವಿಧವಾ ನವಮಿ ಎನ್ನುತ್ತಾರೆ. ಆ ದಿನ ಒಬ್ಬ ಮುತ್ತೈದೆಯನ್ನು ಕರೆದು, ಊಟಕ್ಕೆ ಹಾಕಿ, ಸೀರೆ, ಬಳೆ, ಅರಿಶಿನ ಕುಂಕುಮ ಕೊಡುತ್ತಾರೆ. ಉಡುವವಳು ಬದುಕಿರುವವಳು, ಸಲ್ಲುವುದು ಸತ್ತವಳಿಗೆ. ಇದು ನನಗೆ ಹೊಳೆಯಲೇ ಇಲ್ಲವಲ್ಲ ಎಂದರೆ, ನನ್ನ ತವರಿನ ಹೆಂಗಸರೆಲ್ಲ ಗಟ್ಟಿ ಪಿಂಡಗಳು, ಗಂಡಂದಿರನ್ನು ಕಳಿಸಿಕೊಟ್ಟು ಆಮೇಲೆ ನಿಧಾನಕ್ಕೆ ಹೊರಡುವವರು. ನವಮಿಯನ್ನು ಪಂಚಾಂಗದಲ್ಲಿ ಕಂಡಿದ್ದೆ, ಮನೆಯಲ್ಲಿ ಕಂಡಿರಲಿಲ್ಲ. ಇವರು ಪ್ರತಿ ವರ್ಷ 'ಅಪ್ಪನ ಪಕ್ಷ' ಎಂದು ಮಠಕ್ಕೆ ಹೋಗಿ ಬರುತ್ತಿದ್ದರು. ನವಮಿಗೂ ಒಂದು ದಿನ ಹೋಗುತ್ತಿದ್ದಾರೆಂದು ನನಗೇನು ಗೊತ್ತು?

ಹಸಿರೇ ಯಾಕೆ ಎಂದು ಕೇಳಿದೆ. ಅಕ್ಕನಿಗೆ ಹಸಿರೆಂದರೆ ಪ್ರಾಣ, ನಿಮ್ಮ ಮನೆಯ ಪಟದಲ್ಲಿ ಉಟ್ಟಿರುವುದೂ ಇಂಥದೇ ಹಸಿರು ಎಂದಳು. ಅಷ್ಟು ದಿನ ದಿನಬೆಳಗಾದರೆ ಆ ಪಟ ನೋಡುತ್ತಿದ್ದೆ. ಕಪ್ಪು ಬಿಳುಪಿನಲ್ಲಿ ಅದು ನನಗೆ ಬೂದಿ ಬಣ್ಣವಾಗಿ ಕಾಣುತ್ತಿತ್ತು. ಇವರಿಗೆ ಮಾತ್ರ ಅದು ಹಸಿರಾಗಿಯೇ ಕಾಣುತ್ತಿತ್ತು.

ಛತ್ರದಿಂದ ಹೊರಟು ಬಸ್ಸಿನಲ್ಲಿ ಕೂತೆ. ಸದ್ಯ, ಗಂಡ ದಾರಿ ತಪ್ಪಿಲ್ಲ ಎಂದು ದೇವರಿಗೆ ಕೈಮುಗಿಯಬೇಕಾಗಿತ್ತು. ನಾನು ಮುಗಿಯಲಿಲ್ಲ. ಟೈಪಿಸ್ಟ್ ಆಗಿದ್ದರೆ ಜುಟ್ಟು ಹಿಡಿದು ಕೇಳಬಹುದಿತ್ತು. ಬದುಕಿರುವ ಸವತಿಯಾದರೆ ಅವಳ ಹುಳಿಯೂ ಸೀಯುತ್ತದೆ, ಅವಳ ಕೂದಲೂ ನೆರೆಯುತ್ತದೆ, ಅವಳೂ ಒಂದು ದಿನ ಗಂಡನ ಮೇಲೆ ರೇಗುತ್ತಾಳೆ. ಸತ್ತವಳನ್ನು ಏನು ಮಾಡಲಿ? ಸತ್ತೆಮ್ಮೆಗೆ ಹಾಲು ಜಾಸ್ತಿ ಅನ್ನುತ್ತಾರಲ್ಲ, ನಾನು ದಿನಾ ಕರೆಯುವ ಹಾಲು ಯಾರ ಲೆಕ್ಕಕ್ಕೂ ಇಲ್ಲ.

ಇವರು ಆಫೀಸಿನಿಂದ ಬಂದು ಕಾಲು ತೊಳೆಯುವುದಕ್ಕೂ ಬಿಡಲಿಲ್ಲ. ನಿಮ್ಮ ಹಸಿರು ಸೀರೆಯನ್ನು ಇವತ್ತು ನೋಡಿ ಬಂದೆ ಎಂದೆ. ಇವರ ಕೈ ಕನ್ನಡಕಕ್ಕೆ ಹೋಯಿತು. ಅದನ್ನು ಒರೆಸಿದರೆ ನೋಡಿ ಎಂದೆ. ಕೈ ಕೆಳಗಿಳಿಸಿ ಬೆಂಚಿನ ಮೇಲೆ ಕೂತರು. ಮದುವೆಗೆ ಮುಂಚೆ ನಮ್ಮಪ್ಪನೇ ಕೇಳಿಕೊಂಡಿದ್ದರಂತೆ: ಹುಡುಗಿ ಮೂಗಿನ ತುದಿಯಲ್ಲಿ ಕೋಪ ಇಟ್ಟುಕೊಂಡವಳು, ಅವಳ ಮುಂದೆ ಮೊದಲನೆಯವಳ ಮಾತು ಎತ್ತಬೇಡಿ ಎಂದು. ಎತ್ತುವುದಿಲ್ಲ ಎಂದು ಇವರು ಮಾತು ಕೊಟ್ಟಿದ್ದರಂತೆ. ಹಿಂದಿನ ವರ್ಷಗಳಲ್ಲಿ ಚಿಕ್ಕಪೇಟೆಯಲ್ಲಿ ಕಾಸು ಕೊಟ್ಟೇ ತರುತ್ತಿದ್ದರಂತೆ. ಆ ವರ್ಷ ಮಗುವಿನ ಖರ್ಚಿನಿಂದ ಕೈ ಖಾಲಿಯಾಗಿ ಕಾರ್ಡಿನ ಮೇಲೆ ತಂದರಂತೆ. ಊರವರ ಲೆಕ್ಕ ತಪಾಸಣೆ ಮಾಡುವ ಮನುಷ್ಯನಿಗೆ ಚೀಟಿ ಮನೆಗೆ ಬರುತ್ತದೆ ಎನ್ನುವುದು ಮರೆತುಹೋಗಿತ್ತಂತೆ!

ಅದೆಲ್ಲ ಸರಿ, ನನಗೆ ಬೇಕಾಗಿದ್ದ ಉತ್ತರ ಅದಲ್ಲ.

'ಅವಳ ಸೀರೆಗೆ ಅರ್ಧ ದಿನ ರಜಾ ಹಾಕಿದೀರ. ಬಿಸಿಲಿಗೆ ಹಿಡಿದು ನೋಡಿದೀರ. ನನಗೆ ಯಾವತ್ತಾದ್ರೂ ಹಾಗೆ ತಂದಿದೀರಾ?'

ಅವರು ನೆಲ ನೋಡುತ್ತಾ ಹೇಳಿದರು.

'ನಿನ್ನನ್ನ ಯಾವಾಗ ಬೇಕಾದ್ರೂ ಕೇಳ್ಬೋದು, ಯಾವ್ದು ಬೇಕು ಅಂತ. ಅವಳನ್ನ ಕೇಳೋಕಾಗಲ್ವಲ್ಲ. ಅದಕ್ಕೇ ಯೋಚ್ನೆ ಮಾಡಿ ತರ್ಬೇಕು.'

'ಹಾಗಿದ್ರೆ ಕೇಳಿ' ಎಂದೆ. 'ಯಾವತ್ತು ಕೇಳಿದೀರಿ? ಈಗ ಕೇಳಿ.'

ಅವರು ತಲೆಯೆತ್ತಿ ನನ್ನನ್ನು ನೋಡಿದರು. ಯಾವ ಬಣ್ಣ ಬೇಕು ಎಂದು ಮೊದಲ ಸಲ ಕೇಳಿದರು. ನೇರಳೆ ಎಂದೆ. ಹೇಳಿ, ನನ್ನ ಮುಖ ಅವರಿಗೆ ಕಾಣದಿರಲಿ ಎಂದು ಅಡಿಗೆಮನೆಗೆ ಹೋಗಿ ಕಾಫಿ ಇಟ್ಟೆ. ಕಾಫಿ ಕೊಡುವಾಗ ಎರಡು ಕರಾರು ಹಾಕಿದೆ. ಇನ್ನು ಮೇಲೆ ನವಮಿ ಮಠದಲ್ಲಿ ಬೇಡ, ಈ ಮನೆಯಲ್ಲೇ ನಡೆಯಬೇಕು, ನಾನೇ ಅಡಿಗೆ ಮಾಡಿ ಬಡಿಸಬೇಕು. ಮತ್ತೆ, ಅವಳ ಸೀರೆಯನ್ನು ನಾನೇ ತರಬೇಕು. ಕೇಳಿದವರು ಎಷ್ಟು ದೊಡ್ಡ ಮನಸ್ಸು ಎಂದರು. ಮಣ್ಣಂಗಟ್ಟಿ. ಇನ್ನೊಂದು ಸಲ ನನ್ನ ಗಂಡ ಅವಳಿಗಾಗಿ ಬಿಸಿಲಿನಲ್ಲಿ ನಿಂತು ಸೀರೆ ನೋಡಬಾರದು, ಅಷ್ಟೇ ನನ್ನ ಉದ್ದೇಶ.

ಮುಂದಿನ ದೀಪಾವಳಿಗೆ ಇವರು ನೇರಳೆ ಎಂದು ತಂದದ್ದು ಬದನೆಕಾಯಿ ಬಣ್ಣ. ಆದರೂ ಕೇಳಿ ತಂದದ್ದಲ್ಲವೇ, ಸವೆದು ನೂಲು ಬಿಡುವ ತನಕ ಉಟ್ಟೆ.

ನಮ್ಮ ಮನೆಯಲ್ಲಿ ನಡೆದ ಮೊದಲ ನವಮಿಗೆ ಅವಳ ಸೀರೆಯನ್ನು ಬೇಕೆಂದೇ ಕಂದು ಬಣ್ಣದಲ್ಲಿ ತಂದೆ. ನನಗೆ ಸಿಕ್ಕಿದ್ದು ಅವಳಿಗೂ ಸಿಗಲಿ ಎಂದು. ತಂಗಿ ಬಂದು, ಮಣೆಯ ಮೇಲೆ ಕೂತು, ಒಂದು ಮಾತೂ ಆಡದೆ ಉಟ್ಟುಕೊಂಡಳು. ಹಾಳಾದ್ದು, ಆ ಎತ್ತರಕ್ಕೆ ಕಂದೂ ಚೆನ್ನಾಗಿಯೇ ಒಪ್ಪಿತು. ಮರುವರ್ಷ ಹಸಿರೇ ತಂದೆ. ಆಮೇಲೆ ಅದು ಅಭ್ಯಾಸವಾಯಿತು. ಪ್ರತಿ ಭಾದ್ರಪದದಲ್ಲಿ ಚಿಕ್ಕಪೇಟೆಯ ಆ ಇಕ್ಕಟ್ಟಿನ ಗಲ್ಲಿಗೆ ಹೋಗಿ, ಅಂಗಡಿಯ ಚಾಪೆಯ ಮೇಲೆ ಕೂತು, ಇದು ಗಿಳಿಹಸಿರು, ನಿನಗೆ ಆಗಲ್ಲ, ಇದು ಬೇಗ ಬಣ್ಣ ಬಿಡತ್ತೆ ಎಂದು ಮನಸ್ಸಿನಲ್ಲೇ ಅವಳ ಜೊತೆ ಜಗಳವಾಡುತ್ತಾ ಆರಿಸುತ್ತಿದ್ದೆ. ಒಂದು ವರ್ಷ ನಾನೇ ಎದ್ದು ಹೋಗಿ ಸೀರೆಯನ್ನು ಬಿಸಿಲಿಗೆ ಹಿಡಿದೆ. ಹಿಡಿದ ಮೇಲೆ ಗೊತ್ತಾಗಿ ಸಿಟ್ಟು ಬಂತು. ತಂಗಿ ಬರುತ್ತಾ ಬರುತ್ತಾ ಅಡಿಗೆಮನೆಯವರೆಗೂ ಬಂದಳು, ತೆಂಗಿನಕಾಯಿ ತುರಿದುಕೊಟ್ಟಳು, ನಾನು ಅವಳನ್ನು ನೀನು ಎನ್ನತೊಡಗಿದೆ. ಆದರೆ ಅವಳು ಅಕ್ಕ ಎಂದರೆ ಮಾತ್ರ ಪಟದಲ್ಲಿರುವವಳು. ನನ್ನನ್ನು ಬರೀ 'ನೀವು' ಎನ್ನುತ್ತಿದ್ದಳು. ಅದಕ್ಕೂ ನನಗೆ ಉರಿಯುತ್ತಿತ್ತು.

ಎಂಬತ್ತರ ದಶಕ ಮುಗಿಯುತ್ತಾ ಬಂದಾಗ ಇವರು ಹೋದರು. ಆಫೀಸಿಗೆ ಹೊರಟವರು ಚಪ್ಪಲಿ ಮೆಟ್ಟುವುದಕ್ಕೆ ಬಗ್ಗಿದರು, ಮತ್ತೆ ಏಳಲಿಲ್ಲ.

ಸೊಸೈಟಿಯ ಕೊನೆಯ ಚೀಟಿಯನ್ನು ಅವರ ಆಫೀಸಿನವರೊಬ್ಬರು ಮನೆಗೇ ತಂದುಕೊಟ್ಟರು. ಭಾನುವಾರ ಬಾಗಿಲ ಬಳಿ ಕೂತು ಪೆನ್ಸಿಲ್ ಹಿಡಿದೆ. ತೊಗರಿಬೇಳೆ ಬಂದಿದೆ. ಸಕ್ಕರೆ ಬಂದಿದೆ. ಬ್ಲೇಡು ಬಂದಿದೆ, ಪೊಟ್ಟಣ ಇನ್ನೂ ಒಡೆದಿಲ್ಲ. ಎಲ್ಲ ಗೊತ್ತಿದ್ದದ್ದೇ. ಹಿಂದೆ ಮುಂದೆ ತಿರುಗಿಸಿ ನೋಡಿದೆ. ನನಗೆ ಗೊತ್ತಿಲ್ಲದ ಬಾಬ್ತು ಒಂದೇ ಒಂದಾದರೂ ಇರಬಾರದಿತ್ತೇ ಎಂದು ಅತ್ತೆ. ಇದ್ದಿದ್ದರೆ ಹೋಗಿ ವಿಚಾರಿಸಬಹುದಿತ್ತು.

ವರ್ಷಾಬ್ದಿಕ ಕಳೆದು ಮೊದಲ ಪಕ್ಷಮಾಸ ಬಂತು. ಮಗ ಅಪ್ಪನ ಪಕ್ಷ ಮಾಡಬೇಕು, ದಿನ ಗೊತ್ತು ಮಾಡಲು ಪುರೋಹಿತರು ಬಂದಿದ್ದರು. ನವಮಿಗೂ ಬನ್ನಿ ಎಂದೆ. ಅವರು ಪಂಚಾಂಗ ಮಡಿಸಿದರು.

'ಇನ್ನು ನವಮಿ ಇಲ್ಲಮ್ಮ. ಯಜಮಾನರಿರೋವರೆಗೆ ಮಾತ್ರ ಅದು. ಇನ್ಮೇಲೆ ಅವರ ತಿಥಿಲೇ ಆಕೆಗೂ ಸಲ್ಲತ್ತೆ.'

ಅವರು ಹೋದ ಮೇಲೆ ನಡುಮನೆಯಲ್ಲಿ ನಿಂತೆ. ಗೋಡೆಯ ಮೇಲೆ ಈಗ ಎರಡು ಪಟ, ಅಕ್ಕಪಕ್ಕ. ಅವಳದಕ್ಕೆ ಕುಂಕುಮ ಇಟ್ಟಿತ್ತು. ಬರೀ ಹಣೆಯಲ್ಲಿ ನಿಂತಿದ್ದವಳು ನಾನು. ಆಗ ನನಗೆ ತಿಳಿಯಿತು. ಇಬ್ಬರೂ ಸೇರಿಕೊಂಡರು. ಇನ್ನು ಒಂದೇ ದಿನ, ಒಂದೇ ಎಡೆ. ಅವಳು ಮುತ್ತೈದೆಯಾಗಿ ಹೋದವಳು, ಎಂದೆಂದಿಗೂ ಮುತ್ತೈದೆಯೇ. ನಾನು ನನ್ನ ತವರಿನವರ ಹಾಗೆ ಗಟ್ಟಿಯಾಗಿ ನಿಂತುಬಿಟ್ಟೆ. ನನಗಾಗಿ ಯಾರೂ ಯಾವ ನವಮಿಗೂ ಯಾರಿಗೂ ಸೀರೆ ಕೊಡುವುದಿಲ್ಲ, ಯಾರೂ ನನಗೇನು ಇಷ್ಟವಿತ್ತೆಂದು ಯೋಚನೆ ಮಾಡಿ ಬಣ್ಣ ಆರಿಸುವುದಿಲ್ಲ. ಆ ದಿನ ಹೊಟ್ಟೆ ಉರಿದಷ್ಟು ಹಿಂದೆಂದೂ ಉರಿದಿರಲಿಲ್ಲ.

ಆದರೂ ನವಮಿಯ ಹಿಂದಿನ ದಿನ ಚಿಕ್ಕಪೇಟೆಗೆ ಹೋದೆ. ಅಂಗಡಿಯಾತ ವರ್ಷವರ್ಷದ ಗಿರಾಕಿ ಎಂದು ಕೇಳದೆಯೇ ಹಸಿರು ಸೀರೆಗಳನ್ನು ಬಿಚ್ಚಿ ಹರಡಿದ. ಹಸಿರು ಬೇಡ, ನೇರಳೆ ತೋರಿಸಿ ಎಂದೆ. ಬದನೆಕಾಯಿ ಬಣ್ಣವಲ್ಲ, ನೇರಳೆಹಣ್ಣಿನದೇ ಬಣ್ಣ. ಎರಡು ಮೂರನ್ನು ಬಿಸಿಲಿಗೆ ಒಯ್ದು ನೋಡಿ ಒಂದು ಆರಿಸಿದೆ.

ನವಮಿಯ ದಿನ ಶೇಷಾದ್ರಿಪುರಕ್ಕೆ ಹೋದೆ. ತಂಗಿ ಬಾಗಿಲು ತೆಗೆದು, ನನ್ನ ಕೈಯಲ್ಲಿದ್ದ ಪೊಟ್ಟಣ ನೋಡಿ, ಸುಮ್ಮನೆ ಒಳಗೆ ಕರೆದಳು. ನಾನು ಅದನ್ನು ಕುರ್ಚಿಯ ಮೇಲೆ ಇಟ್ಟೆ. ನನ್ನಂಥವಳು ಮುತ್ತೈದೆಯ ಕೈಗೆ ಸೀರೆ ಕೊಡುವ ಪದ್ಧತಿಯಿಲ್ಲ. ಅವಳಾಗಿ ಎತ್ತಿಕೊಳ್ಳಲಿ ಎಂದು.

'ಅಕ್ಕಂದು ಮುಗೀತಂತಲ್ಲ' ಎಂದಳು.

'ಅವಳದಲ್ಲ ಇದು. ನಂದು' ಎಂದೆ. 'ನನಗೆ ನವಮಿ ಇಲ್ಲ. ನನ್ನ ಹೆಸರಲ್ಲಿ ನೀನು ಉಟ್ಕೋ. ಇರುವಾಗಲೇ ನೋಡ್ಕೊಂಡು ಹೋಗ್ತೀನಿ.'

ಅವಳು ಕುರ್ಚಿಯ ಕಡೆ ನೋಡಿದಳು. ಪೊಟ್ಟಣ ಮುಟ್ಟಲಿಲ್ಲ. ಒಳಗಿಂದ ಮಣೆ ತಂದು ಹಾಕಿಕೊಂಡು ಪೂರ್ವಕ್ಕೆ ಮುಖ ಮಾಡಿ ಕೂತು, ಸೆರಗು ಹೊದ್ದು, ಎರಡೂ ಕೈ ಚಾಚಿದಳು.

'ಕೈಗೇ ಕೊಡಿ' ಎಂದಳು.

ಕೊಟ್ಟೆ. ಒಳಗೆ ಹೋಗಿ ಉಟ್ಟುಕೊಂಡು ಬಂದು ಕಿಟಕಿಯ ಬಳಿ ಬಿಸಿಲಿನಲ್ಲಿ ನಿಂತಳು. ಅದೇ ಎತ್ತರ, ಅದೇ ಕುತ್ತಿಗೆ. ಕಣ್ಣೀರು ಒರೆಸಿಕೊಂಡು ನೋಡಿದೆ. ಹಾಳಾದವಳಿಗೆ ನನ್ನ ನೇರಳೆಯೂ ಒಪ್ಪುತ್ತಿತ್ತು.